ಮೀನಿನ ಹಲ್ಲು ಕಿತ್ತ ಭಾನುವಾರ

ನನಗೆ ತಾಳ್ಮೆ ಜಾಸ್ತಿ ಎಂದು ಕುಂಬಾರಕೊಪ್ಪಲಿನ ನಮ್ಮ ಬೀದಿಯವರೆಲ್ಲ ಹೊಗಳುತ್ತಾರೆ. ಹೊಗಳುವವರಿಗೇನು ಕಷ್ಟ, ತಾಳಿಕೊಳ್ಳುವವಳು ನಾನು. ಗಂಡನನ್ನು ಮೀನು ತರಲು ಕಳಿಸುವ ಹೆಂಗಸಿಗೆ ತಾಳ್ಮೆ ಇರಲೇಬೇಕು. ಚೀಲ ಬಿಚ್ಚುವವರೆಗೂ ಒಳಗೇನಿದೆ ಎಂದು ಹೇಳಲಾಗದು. ಸಮುದ್ರದಿಂದ ಇಷ್ಟು ದೂರದಲ್ಲಿರುವ ನಮಗೆ ಗೊತ್ತಿರುವ ಕಡಲ ಮೀನೇ ನಾಲ್ಕು: ಬಂಗುಡೆ, ಬೂತಾಯಿ, ಅಂಜಲ್, ಪಾಂಪ್ಲೆಟ್. ಆ ಭಾನುವಾರ ಚೀಟಿಯಲ್ಲಿ ‘ಅಂಜಲ್’ ಎಂದು ಬರೆದು, ಕೆಳಗೆ ಎರಡು ಗೆರೆ ಎಳೆದೇ ಕೊಟ್ಟಿದ್ದೆ. ಅತ್ತೆಯ ಹುಟ್ಟುಹಬ್ಬ ಅವತ್ತು.

ಅತ್ತೆಗೆ ಐದು ತಿಂಗಳ ಹಿಂದೆ ಉಳಿದಿದ್ದ ಹಲ್ಲುಗಳನ್ನೆಲ್ಲ ಕೀಳಿಸಿ, ಜಯಲಕ್ಷ್ಮಿಪುರಂನ ಡಾಕ್ಟರ ಹತ್ತಿರ ಸೆಟ್ಟು ಮಾಡಿಸಿದ್ದೆವು. ಒಂದು ದಿನ ಹಾಕಿಕೊಂಡವರು, “ಯಾರದೋ ಹಲ್ಲು ನನ್ನ ಬಾಯಲ್ಲಿ ಕೂತಂಗಾಗುತ್ತೆ ಕಣಮ್ಮ” ಎಂದು ತೆಗೆದು ಗಾಜಿನ ಲೋಟಕ್ಕೆ ಹಾಕಿದರು. ಮತ್ತೆ ಮುಟ್ಟಲಿಲ್ಲ. ದಿನಾ ಬೆಳಗ್ಗೆ ಆ ಲೋಟದ ನೀರು ಬದಲಾಯಿಸುವುದು ನನ್ನ ಕೆಲಸ, ಅಕ್ವೇರಿಯಂ ನೋಡಿಕೊಂಡ ಹಾಗೆ. ಗಂಜಿ, ಹಿಸುಕಿದ ಅನ್ನ, ಅಗಿಯುವ ಗೋಜಿಲ್ಲದ ಮುದ್ದೆ, ಇಷ್ಟರಲ್ಲೇ ದಿನ ತಳ್ಳಿ, ಅವರ ರವಿಕೆಗಳನ್ನು ನಾನು ಮೂರು ಸಲ ಹಿಡಿಸಿ ಹೊಲಿಸುವಷ್ಟು ಇಳಿದುಹೋಗಿದ್ದರು. ಹಲ್ಲಿನ ಮಾತೆತ್ತಿದರೆ ಗೋಡೆ ಕಡೆ ತಿರುಗಿ ಮಲಗುತ್ತಿದ್ದರು. ಅಂಥವರು ತಾವಾಗಿಯೇ ಮೀನು ಸಾರು ಬೇಕು ಎಂದಿದ್ದರು. ಅವರ ಹೊಟ್ಟೆಗೆ ಆ ಸಾರು ಇಳಿದರೆ ಸಾಕು ಎಂಬಂತಾಗಿತ್ತು ನನಗೆ.

ಯಜಮಾನರು ಚೀಲ ಬಿಚ್ಚಿ ಬೇಸಿನ್ನಿಗೆ ಸುರಿದರು. ಬೂದು ಬಣ್ಣದ, ಬೆನ್ನು ಉಬ್ಬಿದ ಒಂದು ಅಗಲ ಮೀನು.

“ಇದೇನ್ರೀ ಇದು?”

“ಸೀ ಬ್ರೀಮ್ ಕಣೇ. ಅದರಲ್ಲೂ ಅಪರೂಪದ ಜಾತಿಯಂತೆ, ಯಾರಿಗೂ ಗೊತ್ತೇ ಇಲ್ವಂತೆ.”

“ಯಾರಿಗೂ ಗೊತ್ತಿಲ್ದೇ ಇರೋದನ್ನ ನೀವ್ಯಾಕ್ರೀ ತಂದ್ರಿ?”

“ಮಾರೋನಿಗೂ ಹೆಸರು ಗೊತ್ತಿರ್ಲಿಲ್ಲ. ಪಕ್ಕದಲ್ಲಿ ನಿಂತಿದ್ದೋರು ಫೋನಲ್ಲಿ ನೋಡಿ ಹೇಳಿದ್ರು” ಎಂದರು, ತಾವೇ ಬಲೆ ಬೀಸಿ ಹಿಡಿದವರ ಗತ್ತಿನಲ್ಲಿ.

ನಾವಿಬ್ಬರೂ ಅತ್ತೆಯನ್ನು ಕರೆದುಕೊಂಡು ಚರ್ಚಿಗೆ ಹೋಗಿ ಬಂದ ಮೇಲೆ ಮೀನು ಹಸನು ಮಾಡಲು ಕೂತೆ. ಬಾಯಿ ಅಗಲಿಸಿದವಳು ಕೈಬಿಟ್ಟೆ. ಮುಂದೆ ಸಾಲಾಗಿ ಹಲ್ಲು, ಹಿಂದೆ ಗುಂಡು ಗುಂಡು ದವಡೆಹಲ್ಲು, ಥೇಟ್ ಮನುಷ್ಯರದೇ. ಫೋಟೋ ತೆಗೆಸಿಕೊಳ್ಳಲು ಕೂತಂತೆ ನಗುತ್ತಿತ್ತು.

“ಏಡಿ, ಚಿಪ್ಪು ಎಲ್ಲ ಕಡಿದು ತಿನ್ನುತ್ತಂತೆ” ಎಂದು ಯಜಮಾನರು ವಿವರಿಸಿದರು.

ನನಗೆ ಏಡಿಯ ಚಿಂತೆಯಲ್ಲ. ನಮ್ಮ ಮನೆಯಲ್ಲಿ ಮೀನಿನ ತಲೆ ಹಿರಿಯರಿಗೆ. ಮಾವ ಹೋದ ಮೇಲೆ ಆ ತಲೆ ಅತ್ತೆಗೆ ಬಂತು; ಅವರು ಅದನ್ನು ಪ್ರಮೋಷನ್ ಆರ್ಡರಿನ ಹಾಗೆ ಸ್ವೀಕರಿಸುತ್ತಾರೆ. ಬೊಚ್ಚುಬಾಯಿಯ ಅತ್ತೆಯ ತಟ್ಟೆಗೆ ಹಲ್ಲು ಕಿರಿಯುವ ತಲೆ ಬಡಿಸಿದರೆ ಅಣಕಿಸಿದ ಹಾಗೆ. ಬಡಿಸದಿದ್ದರೆ ಹಿರಿತನವನ್ನೇ ಕಿತ್ತುಕೊಂಡ ಹಾಗೆ. ಎರಡರಲ್ಲಿ ಯಾವುದಾದರೂ ಅವರು ಗೋಡೆ ಕಡೆ ತಿರುಗುವುದು ಖಚಿತ.

“ಕಟಿಂಗ್ ಪ್ಲೇಯರ್ ತನ್ನಿ” ಎಂದೆ.

ಅವರು ಮೊಬೈಲಿನ ಬೆಳಕು ಹಿಡಿದರು. ನಾನು ಒಂದೊಂದಾಗಿ ಕೀಳುತ್ತ ಹೋದೆ. ಹಿಂದಿನ ದವಡೆಗೆ ಬಂದಾಗ ಅವರು, “ನಿಧಾನ ಕಣೇ, ಪಾಪ” ಎಂದರು. ಸತ್ತ ಮೀನಿಗೆ! ಇಪ್ಪತ್ತಾರು ವರ್ಷದಲ್ಲಿ ನನಗೆ ಒಂದು ಸಲವೂ ಹಾಗೆ ಅಂದವರಲ್ಲ.

ಊಟಕ್ಕೆ ಕೂತಾಗ ತಲೆಯನ್ನು ಅತ್ತೆಯ ತಟ್ಟೆಗೆ ಮೆಲ್ಲಗೆ ಇಳಿಸಿದೆ. ಅವರು ಅದನ್ನು ಆಚೆ ಈಚೆ ತಿರುಗಿಸಿದರು.

“ಇದರ ಹಲ್ಲೆಲ್ಲ ಏನಾಯ್ತಮ್ಮ? ಬೆಳಗ್ಗೆ ಬೇಸಿನ್ನಲ್ಲಿ ನೋಡಿದ್ನಲ್ಲ, ಎಷ್ಟು ಲಕ್ಷಣವಾಗಿ ನಗ್ತಾ ಮಲಗಿತ್ತು!”

ಯಜಮಾನರು ಫ್ಯಾನಿನ ರೆಕ್ಕೆ ಎಣಿಸತೊಡಗಿದರು. “ಬೇಯೋವಾಗ ಉದುರಿರ್ಬೇಕು ಅತ್ತೆ” ಎಂದೆ ನಾನು, ಚರ್ಚಿನಲ್ಲಿ ಪೂಜೆ ಮುಗಿಸಿ ಬಂದ ಬಾಯಿಂದಲೇ.

ಅತ್ತೆ ಬಹಳ ಹೊತ್ತು ಆ ಜೋತುಬಿದ್ದ ಮೂತಿಯನ್ನೇ ನೋಡಿದರು. “ಹಲ್ಲಿಲ್ದಿದ್ರೆ ಮುಖ ಇಂಗಾಗ್ಬುಡುತ್ತಾ?” ಎಂದು ಮೆಲ್ಲಗೆ ತಮಗೇ ಕೇಳಿಕೊಂಡರು. ಆಮೇಲೆ, “ಆ ಲೋಟ ತಗೊಂಡ್ ಬಾಮ್ಮ.”

ಸೆಟ್ಟು ಹಾಕಿಕೊಂಡು, ಮೀನಿನ ಕೆನ್ನೆಯ ಮಾಂಸ ಬಿಡಿಸಿ, ಅಗಿದರು. ಐದು ತಿಂಗಳ ಮೇಲೆ ಅಗಿದರು. ನನ್ನ ಕಣ್ಣಲ್ಲಿ ನೀರು ಬಂತು, ಖಾರ ಎಂದೆ.

“ಖಾರ ಎಲ್ಲಿದೆ? ಹುಳೀನೂ ಸಾಲ್ದು, ಕೊತ್ತಂಬರಿ ಸೀದಿದೆ” ಎಂದರು ಅತ್ತೆ. ಪ್ರತಿ ಅಕ್ಷರವೂ ಸ್ಪಷ್ಟ. “ಈ ಐದು ತಿಂಗಳು ಗಂಜಿಗೂ ಉಪ್ಪು ಸರಿಯಾಗಿ ಹಾಕ್ಲಿಲ್ಲ ನೀನು. ದಿನಾ ಹೇಳ್ತಾನೇ ಇದ್ದೆ.”

ಹೇಳುತ್ತಿದ್ದದ್ದು ನಿಜ. ಊಟದ ನಡುವೆ ಬೊಚ್ಚುಬಾಯಲ್ಲಿ ಅವರು ಏನೋ ಗೊಣಗುವುದನ್ನು ಹೊಗಳಿಕೆ ಎಂದುಕೊಂಡು, ನಾನು ದಿನವೂ ವಿನಯದಿಂದ ತಲೆಯಾಡಿಸುತ್ತಿದ್ದೆ.

ಮೂರು ವಾರವಾಯಿತು. ಅತ್ತೆ ಮೈ ತುಂಬಿಕೊಳ್ಳುತ್ತಿದ್ದಾರೆ. ಹಿಡಿಸಿದ ರವಿಕೆಗಳ ಹೊಲಿಗೆ ಬಿಚ್ಚುತ್ತ ಕೂತಿದ್ದೇನೆ. ಸೆಟ್ಟು ಬೆಳಗಿನ ಕಾಫಿಗೆ ಮುಂಚೆಯೇ ಬಾಯಿ ಸೇರುತ್ತದೆ. ಆ ಕಾಫಿಯಿಂದ ಹಿಡಿದು ರಾತ್ರಿಯ ಸಾರಿನವರೆಗೆ ನನ್ನ ಅಡುಗೆಯ ತಪ್ಪುಗಳೆಲ್ಲ ಈಗ ಸ್ಪಷ್ಟವಾಗಿ ಕೇಳಿಸುತ್ತವೆ. ಕಿಟಕಿಯಲ್ಲಿ ಹಲ್ಲಿಲ್ಲದೆ ನಿಂತಿರುವ ಲೋಟವನ್ನು ಮಾತ್ರ ನಾನು ಈಗಲೂ ದಿನಾ ತೊಳೆದು, ನೀರು ತುಂಬಿಸಿ ಇಡುತ್ತೇನೆ. ಅಭ್ಯಾಸ ಎಂದು ಯಜಮಾನರು ತಿಳಿದಿದ್ದಾರೆ. ಅಲ್ಲ, ಆಸೆ.