ಏನೂ ಹಚ್ಚದ ಮುಖ

ಬೆಳಗಿನ ಜಾವ ಒಂದು ಸೊಳ್ಳೆ ರಟ್ಟಣ್ಣನ ಮೂಗಿನ ತುದಿಯ ಮೇಲೆ ಕೂತು, ತನ್ನ ಪಾಲಿನದನ್ನು ಕುಡಿದು, ಹಾರಿಹೋಯಿತು. ಸೊಳ್ಳೆಯನ್ನು ಬೈದು ಫಲವಿಲ್ಲ. ಅದಕ್ಕೆ ಹೊಟ್ಟೆ ಕೊಟ್ಟ ಭಗವಂತನೇ ಮೂಗನ್ನೂ ತೋರಿಸಿದ್ದ. ಆದರೆ ಆ ಮೂಗು ಆವತ್ತಿನ ಮಟ್ಟಿಗೆ ರಟ್ಟಣ್ಣನದಾಗಿರಲಿಲ್ಲ. ಅವನ ತಂಗಿಯ ಮಗಳಿಗೆ ಸೇರಿದ್ದಾಗಿತ್ತು.

ರಟ್ಟಣ್ಣನೆಂದರೆ ಪುಸ್ತಕಗಳಿಗೆ ರಟ್ಟು ಕಟ್ಟುವವನು. ತಲೆಕೂದಲು ಪೂರ್ತಿ ಇದ್ದ ಕಾಲದಿಂದಲೂ ಒಂದೇ ಬೈಂಡಿಂಗ್ ಅಂಗಡಿ, ಒಂದೇ ಮೇಜು, ಒಂದೇ ಅಂಟಿನ ಬಕೆಟ್ಟು. ಅವನ ನಿಜವಾದ ಹೆಸರನ್ನು ಹೆಂಡತಿಯೂ ಸ್ವಲ್ಪ ಯೋಚಿಸಿಯೇ ಹೇಳಬೇಕು. ತಾಯಿಯಿಲ್ಲದ ಸೊಸೆಯನ್ನು, ತಂಗಿಯ ಮಗಳನ್ನು, ಗಂಡ ಹೆಂಡತಿ ತಮ್ಮ ಮಗಳಂತೆಯೇ ಸಾಕಿದ್ದರು. ಅವಳೀಗ ಮುಖದ ಆರೈಕೆಯ ವಿದ್ಯೆ ಕಲಿಯುತ್ತಿದ್ದಳು. ಪರೀಕ್ಷೆ ಪಾಸಾದರೆ ಬೀದಿಯ ಕಡೆಯ ಕೋಣೆಯಲ್ಲಿ ಅಂಗಡಿ ತೆರೆಯುವುದೆಂದು ಮಾತಾಗಿತ್ತು. ಕೋಣೆ ಖಾಲಿಯಾಗಿತ್ತು, ಗೋಡೆಗೆ ಕನ್ನಡಿ ಬಂದಿತ್ತು, ಹಿಂದಕ್ಕೆ ಬಾಗುವ ಕುರ್ಚಿಯೂ ಬಂದು ಬಟ್ಟೆ ಹೊದ್ದು ಕೂತಿತ್ತು. ಬರಬೇಕಾದದ್ದು ಪಾಸಾದ ಪತ್ರ ಮಾತ್ರ.

ಹಿಂದಿನ ಸಲ ಅವಳು ನಪಾಸಾಗಿದ್ದಳು. ಈ ಪರೀಕ್ಷೆಗೆ ಕೂರುವವರು ತಮ್ಮ ಜೊತೆಗೆ ಒಂದು ಮುಖವನ್ನೂ ಕರೆದುಕೊಂಡು ಹೋಗಬೇಕು. ಇವಳು ಗೆಳತಿಯನ್ನು ಕರೆದೊಯ್ದಿದ್ದಳು. ಗೆಳತಿಯೋ, ಪರೀಕ್ಷಕರ ಮುಂದೆ ಚೆಂದ ಕಾಣಬೇಕೆಂದು ಹಿಂದಿನ ಸಂಜೆಯೇ ಮನೆಯಲ್ಲಿ ಬ್ಲೀಚು ಹಚ್ಚಿಕೊಂಡಿದ್ದಳು. ಅದರ ಮೇಲೆ ಇವಳು ಉಜ್ಜಿ, ಹಬೆ ಹಿಡಿದಾಗ ಮುಖ ಕಾದ ಹೆಂಚಾಯಿತು. ಪರೀಕ್ಷಕಿ ಹೇಳಿದ್ದು ಇಷ್ಟೇ: "ಕೈ ಚೆನ್ನಾಗಿ ಪಳಗಿದೆ. ನೋಡುವ ಕಣ್ಣು ಇನ್ನೂ ಪಳಗಿಲ್ಲ." ಮನೆಗೆ ಬಂದು ಅತ್ತು, ಅತ್ತದ್ದು ಮುಗಿದ ಮೇಲೆ ಯೋಚಿಸಿ, ಸೊಸೆ ಒಂದು ತೀರ್ಮಾನಕ್ಕೆ ಬಂದಳು. ತಪ್ಪೆಲ್ಲ ಆ ಮುಖದ್ದು. ಈ ಸಲ ಜನ್ಮದಲ್ಲಿ ಏನನ್ನೂ ಹಚ್ಚಿಕೊಳ್ಳದ ಮುಖ ಬೇಕು. ಬಂಧುಬಳಗವನ್ನೆಲ್ಲ ಜಾಲಾಡಿದಾಗ ಸೋಪು ನೀರು ಬಿಟ್ಟು ಬೇರೇನನ್ನೂ ಕಂಡಿರದ ಮುಖ ಒಂದೇ ಒಂದು ಸಿಕ್ಕಿತು. ಅದು ಎದುರಿಗೇ ಕೂತು ಪೇಪರ್ ಓದುತ್ತಿತ್ತು.

"ಮಾವ, ಮೊನ್ನೆ ಶೇವ್ ಮಾಡಿದ್ದೇ ಕೊನೆ. ಇವತ್ತು ಬ್ಲೇಡು ಮುಟ್ಟಬೇಡಿ," ಎಂದು ಬೆಳಿಗ್ಗೆ ಹೊರಡುವಾಗ ಸೊಸೆ ಮತ್ತೊಮ್ಮೆ ಹೇಳಿದಳು. "ಉಜ್ಜಬೇಡಿ, ಕೆರೀಬೇಡಿ, ಹೊಸದೇನೂ ಹಚ್ಚಬೇಡಿ. ಬಿಸಿಲಿಗೆ ಕೊಡೆ ಹಿಡ್ಕೊಳ್ಳಿ. ನೀರು ಚೆನ್ನಾಗಿ ಕುಡೀರಿ. ಮಧ್ಯಾಹ್ನ ಪರೀಕ್ಷೆ ಸೆಂಟರಿಗೆ ಬರೋ ತನಕ ನೀವು ಏನೂ ಮಾಡದೇ ಇದ್ರೆ ನಾನು ಪಾಸು."

"ಅಷ್ಟೇನಾ? ಏನೂ ಮಾಡದೇ ಇರೋದು ತಾನೇ!" ಎಂದ ರಟ್ಟಣ್ಣ.

ಪಾಪ, ಅವನಿಗೆ ಗೊತ್ತಿರಲಿಲ್ಲ. ಏನೂ ಮಾಡದೇ ಇರುವುದಕ್ಕೆಂದೇ ಹಿಂದೆ ದೊಡ್ಡ ದೊಡ್ಡ ತಪಸ್ವಿಗಳು ಕಾಡಿಗೆ ಹೋಗುತ್ತಿದ್ದರು. ಕಾಡಿನಲ್ಲಿ ಹುಲಿಯಿರಬಹುದು, ಹಾವಿರಬಹುದು; ಅಕ್ಕಪಕ್ಕದ ಮನೆಯವರು ಇರುವುದಿಲ್ಲ.

ರಟ್ಟಣ್ಣನಿಗೆ ಅಕ್ಕಪಕ್ಕದವರೂ ಇದ್ದರು, ಅದರ ಜೊತೆಗೆ ಒಂದು ದೌರ್ಬಲ್ಯವೂ ಇತ್ತು. 'ಬೇಡ' ಎನ್ನುವ ಮಾತು ಅವನ ಹೊಟ್ಟೆಯಲ್ಲಿ ಹುಟ್ಟಿ, ಎದೆಗೆ ಹತ್ತಿ, ಗಂಟಲು ದಾಟಿ, ತುಟಿಗೆ ಬರುವಷ್ಟರಲ್ಲಿ ಎದುರಿನವರ ಕೆಲಸ ಮುಗಿದಿರುತ್ತಿತ್ತು.

ಹೆಂಡತಿ ಕೊಟ್ಟ ಚೊಂಬು ನೀರನ್ನು ಕುಡಿದು, ಅವಳು ಮತ್ತೆ ಕೊಟ್ಟದ್ದನ್ನೂ ಕುಡಿದು, ಕೊಡೆ ಹಿಡಿದು ಅವನು ಅಂಗಳಕ್ಕಿಳಿದ. ಗೋಡೆಯಾಚೆ ನಿವೃತ್ತ ಕಾಂಪೌಂಡರು ಗಿಡಕ್ಕೆ ನೀರು ಹಾಕುತ್ತಿದ್ದರು. ಆಸ್ಪತ್ರೆ ಅವರನ್ನು ಬಿಟ್ಟಿದ್ದರೂ ಅವರು ಆಸ್ಪತ್ರೆಯನ್ನು ಬಿಟ್ಟಿರಲಿಲ್ಲ. ಹತ್ತಿ ಮತ್ತು ಸೀಸೆ ಸದಾ ಜೇಬಿನಲ್ಲಿರುತ್ತಿದ್ದವು.

"ಏನಯ್ಯಾ, ಮೂಗಿನ ಮೇಲೆ ದೀಪ ಹಚ್ಕೊಂಡು ಹೊರಟಿದೀಯ?"

"ಸೊಳ್ಳೆ ಸಾರ್. ಮುಟ್ಟೋ ಹಾಗಿಲ್ಲ. ಇವತ್ತು ಸೊಸೆ ಪರೀಕ್ಷೆ."

"ಪರೀಕ್ಷೆ ದಿನ ಇಂಥಾ ಮೂಗು ತಗೊಂಡು ಹೋಗ್ತೀಯಾ? ನಂಜಾದ್ರೆ? ಬಾ ಇಲ್ಲಿ."

"ಬೇ..."

ಅಷ್ಟರಲ್ಲಿ ಮೂಗಿನ ತುದಿ ತಣ್ಣಗಾಗಿತ್ತು, ಕಡು ನೇರಳೆಯೂ ಆಗಿತ್ತು.

"ಗಾಯದ ಔಷಧಿ. ಬಣ್ಣ ಸ್ವಲ್ಪ ನಿಲ್ಲುತ್ತೆ. ಆದ್ರೆ ನಂಜು ನಿಲ್ಲಲ್ಲ, ನೋಡು!" ಎಂದು ಕಾಂಪೌಂಡರು ತೃಪ್ತಿಯಿಂದ ಸೀಸೆಯ ಮುಚ್ಚಳ ತಿರುಗಿಸಿದರು.

ದೇವರು ಮನುಷ್ಯನಿಗೆ ಮುಖವನ್ನು ಕೊಟ್ಟ. ಆದರೆ ಅದನ್ನು ತನಗೆ ತಾನೇ ನೋಡಿಕೊಳ್ಳಲಾಗದ ಜಾಗದಲ್ಲಿಟ್ಟ. ಅದಕ್ಕೇ ಇರಬೇಕು, ಕಂಡಕಂಡವರೆಲ್ಲ ಅದನ್ನು ತಮ್ಮದೇ ಎಂದುಕೊಳ್ಳುವುದು. ಬೈಂಡಿಂಗ್ ಅಂಗಡಿಯ ಬಾಗಿಲು ದಾಟುವವರೆಗೂ ರಟ್ಟಣ್ಣ ಕೊಡೆಯನ್ನು ಬಿಸಿಲಿಗಿಂತ ಹೆಚ್ಚಾಗಿ ಜನರಿಗೆ ಅಡ್ಡ ಹಿಡಿದಿದ್ದ.

ಅಂಗಡಿಯೊಳಗೆ ಕೊಡೆ ಹಿಡಿಯುವಂತಿರಲಿಲ್ಲ. ಅಚ್ಚಾಗಿ ಬಂದ ಹಾಳೆಗಳನ್ನು ಮಡಿಸುವ ಹೆಂಗಸೊಬ್ಬಳಿದ್ದಳು. ಎಲ್ಲರೂ ಮಡಿಕೆಯಕ್ಕ ಎನ್ನುತ್ತಿದ್ದರು. ಅವಳ ಕೈಗೆ ಸಿಕ್ಕಿದ್ದು ಯಾವುದೂ ಸುಕ್ಕಾಗಿ ಉಳಿಯುತ್ತಿರಲಿಲ್ಲ.

"ಅಯ್ಯೋ ಅಣ್ಣ, ಇದೇನು ಮೂಗಿಗೆ ಶಾಯಿ! ಆ ಮಗು ಓದಿದ್ದೆಲ್ಲ ನೀರುಪಾಲಾಗುತ್ತಲ್ಲ!"

"ಶಾಯಿ ಅಲ್ಲ ಕಣಮ್ಮ, ಔಷಧಿ. ಮುಟ್ಟಬೇಡ ಅಂದಿದ್ದಾಳೆ."

"ಮುಟ್ಟಬೇಡ ಅಂದಿದ್ದು ಒಳ್ಳೆ ಮುಖಾನ. ಇದನ್ನಲ್ಲ," ಎಂದು ಅಕ್ಕ ಬುತ್ತಿಚೀಲದಿಂದ ಅರ್ಧ ನಿಂಬೆಹಣ್ಣು ತೆಗೆದು, ಚಹಾಕ್ಕೆಂದು ಇಟ್ಟಿದ್ದ ಸಕ್ಕರೆಗೆ ಅದ್ದಿದಳು. "ನಮ್ಮ ನಾದಿನಿ ಮದುವೇಲಿ ಹಿಂಗೇ ಉಜ್ಜಿದ್ದು. ಗಂಡಿನ ಕಡೆಯವರಿಗೆ ಗುರುತೇ ಸಿಗಲಿಲ್ಲ!"

"ಬೇಡಮ್..."

ಸಕ್ಕರೆ ಕರಕರ ಎಂದಿತು. ನೇರಳೆ ಬಣ್ಣ ಮೂಗು ಬಿಟ್ಟಿತು, ನಿಜ. ಬಿಟ್ಟು ಕೆನ್ನೆಗೆ ಹೋಯಿತು. ಅಕ್ಕ ಅದರ ಬೆನ್ನಟ್ಟಿ ಕೆನ್ನೆಗೆ ಹೋದಳು. ಮಾಡುವ ಕೆಲಸವನ್ನು ಅರ್ಧಕ್ಕೆ ಬಿಡುವ ಹೆಂಗಸಲ್ಲ ಅವಳು. ಬಣ್ಣ ಪೂರ್ತಿ ಹೋದಾಗ ಮುಖ ಹೊಸ ಇಟ್ಟಿಗೆಯಂತಿತ್ತು. ಕಣ್ಣಲ್ಲಿ ನೀರು ತುಂಬಿಕೊಂಡು ರಟ್ಟಣ್ಣ, "ಒಳ್ಳೇದಾಯ್ತಮ್ಮ," ಎಂದ. ಅವನ ಸ್ವಭಾವವೇ ಹಾಗೆ.

ಊಟದ ಹೊತ್ತಿಗೆ ಕಟಿಂಗ್ ಮೇಸ್ತ್ರಿ ಬಂದ. ಪುಸ್ತಕದ ಅಂಚುಗಳನ್ನು ಯಂತ್ರಕ್ಕೊಡ್ಡಿ ಸಮ ಮಾಡುವುದು ಅವನ ಕೆಲಸ. ಅಂಚು ಒರಟಾಗಿರುವ ಏನನ್ನು ಕಂಡರೂ ಅವನಿಗೆ ನಿದ್ದೆ ಬರುತ್ತಿರಲಿಲ್ಲ.

"ಏನಪ್ಪಾ ರಟ್ಟಣ್ಣ, ಮುಖ ಕೆಂಪು, ಗಡ್ಡ ಬಿಳಿ! ಪರೀಕ್ಷಕರು ಏನಂದ್ಕೊಂಡಾರು? ಗಡ್ಡ ತೆಗೆದ್ರೆ ಕೆಂಪು ಗೊತ್ತಾಗಲ್ಲ."

"ಅದ್ಹೇಗೆ?"

"ಎರಡೂ ಒಂದೇ ಬಣ್ಣ ಆಗುತ್ತಲ್ಲ!"

ಈ ತರ್ಕಕ್ಕೆ ಉತ್ತರ ಹುಡುಕಲು ರಟ್ಟಣ್ಣ ಸ್ವಲ್ಪ ಹೊತ್ತು ತೆಗೆದುಕೊಂಡ. ತೆಗೆದುಕೊಳ್ಳಬಾರದಿತ್ತು. ಉತ್ತರ ಹೊಳೆಯುವಾಗ ಅವನ ಮುಖದ ತುಂಬ ಸೋಪಿನ ನೊರೆಯಿತ್ತು, ಮೇಸ್ತ್ರಿಯ ಕೈಯಲ್ಲಿ ಬ್ಲೇಡಿತ್ತು. ನಿಂಬೆಹುಳಿ ಇಳಿದ ಚರ್ಮದ ಮೇಲೆ ಬ್ಲೇಡು ಓಡಿದಾಗ ರಟ್ಟಣ್ಣನ ಪ್ರಾಣ ಸೂರಿಗೆ ಹೋಗಿ ನೇತಾಡಿತು. ನೊರೆ ಕಣ್ಣಿಗಿಳಿಯಿತು. "ನೀರು! ನೀರು!" ಎಂದು ಕೂಗುತ್ತ, ಕಣ್ಣುಮುಚ್ಚಿಕೊಂಡೇ ತನ್ನ ಮೇಜಿನ ಕೆಳಗೆ ತಡಕಾಡಿ, ಸಿಕ್ಕಿದ ಬಕೆಟ್ಟಿನಿಂದ ಬೊಗಸೆ ತುಂಬ ಎತ್ತಿ ಮುಖಕ್ಕೆ ಬಳಿದುಕೊಂಡ.

ಆ ಬಕೆಟ್ಟನ್ನು ಅಲ್ಲಿಟ್ಟವನು ಬೇರೆ ಯಾರೂ ಅಲ್ಲ, ಅವನೇ. ಅದರಲ್ಲಿದ್ದದ್ದು ಬೆಳಿಗ್ಗೆ ಅವನೇ ಮೈದಾ ಕುದಿಸಿ, ಹುಳ ಹಿಡಿಯದಿರಲೆಂದು ಒಂದು ಚಿಟಿಕೆ ಮೈಲುತುತ್ತ ಹಾಕಿ, ತೆಳ್ಳಗೆ ಕದಡಿದ ಅಂಟು.

ಫ್ಯಾನಿನ ಗಾಳಿಗೆ ಅಂಟು ಒಣಗಿತು. ಅವನ ಅಂಟು ಊರಿಗೇ ಹೆಸರಾದದ್ದು; ಅದು ಹಿಡಿದ ಪುಸ್ತಕ ಮೊಮ್ಮಕ್ಕಳ ಕಾಲಕ್ಕೂ ಬಿಡುತ್ತಿರಲಿಲ್ಲ. ಮುಖ ರಟ್ಟಿನಂತೆ ಬಿಗಿಯಿತು. ನಗಲಾಗಲಿಲ್ಲ, ಅಳಲಾಗಲಿಲ್ಲ. ಮಡಿಕೆಯಕ್ಕ ಒದ್ದೆಬಟ್ಟೆಯಿಂದ ಉಜ್ಜಿ, ಮೇಸ್ತ್ರಿ ಉಗುರಿನಿಂದ ಎಬ್ಬಿಸಿ, ಇಬ್ಬರೂ ಸೇರಿ ಬಿಡಿಸುವಷ್ಟರಲ್ಲಿ ಸೆಂಟರಿಗೆ ಹೊರಡುವ ಹೊತ್ತಾಗಿತ್ತು.

"ಈಗ ನೋಡು, ಏನು ಕಳೆ!" ಎಂದ ಮೇಸ್ತ್ರಿ. ಅಂದವನು ಯಾಕೋ ಮುಖ ಆ ಕಡೆ ತಿರುಗಿಸಿದ.

ಕೊಡೆಯ ಕೆಳಗೆ ನಡೆಯುತ್ತ ರಟ್ಟಣ್ಣ ದೇವರಲ್ಲಿ ಹೇಳಿಕೊಂಡ: 'ಅಪ್ಪಾ, ಉರಿಯೋದು ಉರೀಲಿ. ಆ ಮಗೂಗೆ ಮಾತ್ರ ಇದು ಕಾಣದೇ ಹೋಗಲಿ.' ಹೇಳಿದ ಪ್ರಾರ್ಥನೆಯ ಪೂರ್ತಿ ಉಲ್ಟಾ ನಡೆಯಬೇಕಿತ್ತೆಂದು ಆಗ ಅವನಿಗೇನು ಗೊತ್ತು!

ಸೆಂಟರಿನ ಕೋಣೆಯಲ್ಲಿ ಸಾಲಾಗಿ ಕುರ್ಚಿಗಳು, ಪ್ರತಿ ಕುರ್ಚಿಗೊಂದು ಮುಖ. ಎಲ್ಲರೂ ಥಳಥಳ ಹೊಳೆಯುತ್ತಿದ್ದರು. ಒಬ್ಬಳು ಆಗಷ್ಟೇ ಹುಬ್ಬು ತೀಡಿಸಿಕೊಂಡು ಬಂದಿದ್ದಳು. ಇನ್ನೊಬ್ಬಳ ಮುಖಕ್ಕೆ ಯಾವುದೋ ಕ್ರೀಮು ಬಿದ್ದಿತ್ತು. ಕೊನೆಯ ಕುರ್ಚಿಯ ಪಕ್ಕ ಸೊಸೆ ಬಿಳಿ ಕೋಟು ತೊಟ್ಟು, ಬಟ್ಟಲುಗಳನ್ನು ಜೋಡಿಸಿಟ್ಟು ಕಾಯುತ್ತಿದ್ದಳು. ರಟ್ಟಣ್ಣ ಕೊಡೆ ಮಡಚಿದ.

ಅವಳ ಕೈಯಲ್ಲಿದ್ದ ಹತ್ತಿ ಕೆಳಗೆ ಬಿತ್ತು.

"ಮಾವಾ... ಏನ್ ಮಾಡ್ಕೊಂಡ್ರಿ?"

"ನಾನೇನೂ ಮಾಡಲಿಲ್ಲ ಕಣೇ. ನಿನ್ನಾಣೆ, ಏನೂ ಮಾಡಲಿಲ್ಲ. ಎಲ್ಲಾ ಅವರೇ ಮಾಡಿದ್ದು."

ಅವಳ ಕಣ್ಣು ತುಂಬಿತು. ಪರೀಕ್ಷಕಿ ಮೂಲೆಯಲ್ಲಿ ನಿಂತು, "ಶುರು ಮಾಡಿ," ಎಂದರು. ಅಕ್ಕಪಕ್ಕದ ಹುಡುಗಿಯರು ಉಜ್ಜತೊಡಗಿದರು, ಹಬೆ ಬುಸುಗುಟ್ಟಿತು. ರಟ್ಟಣ್ಣ ಕುರ್ಚಿಗೊರಗಿ, ಕಣ್ಣುಮುಚ್ಚಿ, ಮೆಲ್ಲಗೆ ಹೇಳಿದ: "ಮಾಡಮ್ಮ. ಏನೇನು ಹಚ್ಚಬೇಕೋ ಹಚ್ಚು, ಉಜ್ಜು. ನಾನು ಕುಂಯ್ ಅನ್ನಲ್ಲ. ನೀನು ಪಾಸಾಗಬೇಕು, ಅಷ್ಟೇ."

ಸೊಸೆ ಉಜ್ಜುವ ಬಟ್ಟಲನ್ನು ಕೈಗೆತ್ತಿಕೊಂಡಳು. ಇನ್ನೊಂದು ಕೈಯಲ್ಲಿ ಮಾವನ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿದಳು. ಎಷ್ಟೋ ಹೊತ್ತು ನೋಡಿದಳು. ಚಿಕ್ಕವಳಿದ್ದಾಗ ಜ್ವರ ಬಂದರೆ ರಾತ್ರಿಯೆಲ್ಲ ತನ್ನ ಮೇಲೆ ಬಾಗಿರುತ್ತಿದ್ದ ಮುಖ ಅದು. ಬಟ್ಟಲನ್ನು ಕೆಳಗಿಟ್ಟಳು, ಹಬೆಯ ಯಂತ್ರ ಆರಿಸಿದಳು.

"ಮೇಡಂ," ಎಂದಳು. ದನಿ ನಡುಗಿತು, ಮಾತು ನಡುಗಲಿಲ್ಲ. "ಈ ಮುಖಕ್ಕೆ ಇವತ್ತು ಏನೂ ಮಾಡೋ ಹಾಗಿಲ್ಲ. ತಣ್ಣೀರಲ್ಲಿ ತೊಳೆದು ತಣ್ಣೀರು ಬಟ್ಟೆ ಹಾಕಿ ಮನೆಗೆ ಕಳಿಸ್ತೀನಿ. ಚರ್ಮ ಪೂರ್ತಿ ವಾಸಿಯಾದ ಮೇಲೇ ಮುಟ್ಟೋದು. ನನ್ನ ಪರೀಕ್ಷೆ ಹೋದ್ರೆ ಹೋಗಲಿ."

ತಣ್ಣೀರು ಬಟ್ಟೆಯ ಕೆಳಗೆ ರಟ್ಟಣ್ಣ ನಿಶ್ಶಬ್ದವಾಗಿ ಅತ್ತ. ಉರಿಗಲ್ಲ. ಖಾಲಿ ಕೋಣೆ, ಕನ್ನಡಿ, ಬಟ್ಟೆ ಹೊದ್ದ ಕುರ್ಚಿ ಎಲ್ಲ ಕಣ್ಣಿಗೆ ಕಟ್ಟಿದವು. ಅಳು ಬಂದದ್ದು ಒಂದು ರೀತಿ ಒಳ್ಳೆಯದೇ ಆಯಿತು. ಬೆಳಗಿನಿಂದ ಕುಡಿದ ನೀರು ಹೊರಗೆ ಹೋಗಲು ಒಂದು ದಾರಿಗೆ ಕಾಯುತ್ತಿತ್ತು.

ಸಂಜೆ ಪರೀಕ್ಷಕಿ ಎಲ್ಲರನ್ನೂ ನಿಲ್ಲಿಸಿಕೊಂಡರು.

"ಇವತ್ತು ಬಂದ ಒಂದೊಂದು ಮುಖಕ್ಕೂ ಮನೇಲಿ ಏನಾದ್ರೂ ಒಂದು ಆಗಿತ್ತು. ಒಬ್ಬರಿಗೆ ಬ್ಲೀಚು, ಒಬ್ಬರಿಗೆ ಹುಬ್ಬು, ಒಬ್ಬರಿಗೆ ಬಿಸಿಲು. ಪ್ರತಿ ಸಲವೂ ಹೀಗೇ. ನೀವೆಲ್ಲ ಅದರ ಮೇಲೇ ಉಜ್ಜಿದ್ರಿ. ಮುಖಾನ ಮೊದಲು ನೋಡಿ, 'ಇವತ್ತು ಬೇಡ' ಅಂತ ಹೇಳಿದವಳು ಒಬ್ಬಳೇ." ಸೊಸೆಯ ಕಡೆ ತಿರುಗಿದರು. "ಹೋದ ಸಲ ನಿನಗೆ ಹೇಳಿದ್ದು ಇದನ್ನೇ ಕಣಮ್ಮ. ನಿನ್ನ ಕೈ ನಾನು ಆಗಲೇ ನೋಡಿದ್ದೆ. ಇವತ್ತು ಕಣ್ಣೂ ನೋಡಿದೆ. ಪಾಸು. ಉಳಿದವರು ಮುಂದಿನ ತಿಂಗಳು ಮತ್ತೆ ಬನ್ನಿ."

ದಾರಿಯುದ್ದಕ್ಕೂ ಸೊಸೆ ನಕ್ಕಳು, ಅತ್ತಳು. ರಟ್ಟಣ್ಣನಿಗೂ ನಗಬೇಕೆನಿಸಿತು, ಮುಖ ಒಪ್ಪಲಿಲ್ಲ.

ಸುದ್ದಿ ಹಬ್ಬಿತು. ಹಬ್ಬುವಾಗ ಸ್ವಲ್ಪ ಬದಲಾಯಿತು. "ನನ್ನ ಔಷಧಿ ಬಿದ್ದ ಮೂಗು, ಪಾಸಾಗದೇ ಏನು!" ಎಂದರು ಕಾಂಪೌಂಡರು. ಮಡಿಕೆಯಕ್ಕ ನಿಂಬೆಹಣ್ಣಿಗೆ ಕೈಮುಗಿದಳು. ಮೇಸ್ತ್ರಿ ಬ್ಲೇಡನ್ನು ಕಾಗದದಲ್ಲಿ ಸುತ್ತಿ ಎತ್ತಿಟ್ಟ. ಬೀದಿಯ ಕೋಣೆಯಲ್ಲಿ ಅಂಗಡಿ ತೆರೆಯಿತು. ರಟ್ಟಣ್ಣನ ಮುಖ ನಿಧಾನವಾಗಿ ತನ್ನ ಬಣ್ಣಕ್ಕೆ ಮರಳಿತು. "ಮಾವ, ಈಗ ಪೂರ್ತಿ ವಾಸಿಯಾಗಿದೆ. ನಾಳೆ ಬೆಳಿಗ್ಗೆ ನಿಮಗೆ ಚೆನ್ನಾಗಿ ಮಾಡ್ತೀನಿ. ಅಲ್ಲೀ ತನಕ ಏನೂ ಮಾಡ್ಕೋಬೇಡಿ," ಎಂದು ಸೊಸೆ ಹೇಳಿ ಪೇಟೆಗೆ ಹೋದಳು. ರಟ್ಟಣ್ಣ ಒಳಗೊಳಗೇ ಹಿಗ್ಗಿದ. ಯಾರಿಗೂ ಹೇಳಿರಲಿಲ್ಲ, ಆದರೆ ಆ ಹಿಂದಕ್ಕೆ ಬಾಗುವ ಕುರ್ಚಿಯಲ್ಲಿ ಒರಗಿ ಮುಖಕ್ಕೆ ಏನಾದರೊಂದು ತಣ್ಣಗೆ ಹಚ್ಚಿಸಿಕೊಳ್ಳಬೇಕೆಂಬ ಆಸೆ ಅವನಿಗೂ ಇತ್ತು.

ಆ ಸಂಜೆ ಅವನು ಆ ಕುರ್ಚಿಯಲ್ಲಿ ಕೂತು ನೋಡುತ್ತಿದ್ದಾಗ ಬಾಗಿಲಲ್ಲಿ ನೆರಳಾಯಿತು. ನಪಾಸಾದ ಹುಡುಗಿಯರು, ಅಷ್ಟೂ ಜನ.

"ಅಂಕಲ್, ಇಲ್ಲ ಅನ್ನಬೇಡಿ. ಮುಂದಿನ ವಾರ ಪರೀಕ್ಷೆಗೆ ನಮಗೆ ನಿಮ್ಮ ಮುಖಾನೇ ಬೇಕು. ನಾವೆಲ್ಲ ಮಾತಾಡ್ಕೊಂಡಿದೀವಿ, ಸರದಿ ಮೇಲೆ."

"ಅಯ್ಯೋ, ಅವಳು ಪಾಸಾದದ್ದು ಮುಖದಿಂದಲ್ಲ ಕಣ್ರಮ್ಮ..." ಎಂದು ರಟ್ಟಣ್ಣ ಎದ್ದ.

"ನಮಗೆ ಎಲ್ಲಾ ಗೊತ್ತು ಅಂಕಲ್. ಆವತ್ತು ಏನೇನು ಹಚ್ಚಿದ್ರು ಅಂತ ವಿಚಾರಿಸಿಕೊಂಡೇ ಬಂದಿದೀವಿ. ಇವತ್ತಿಂದಲೇ ಶುರು ಮಾಡಿದ್ರೆ ಒಳ್ಳೇದಂತೆ."

ಅವರ ಬೆನ್ನ ಹಿಂದಿನಿಂದ ಕಾಂಪೌಂಡರು ಸೀಸೆ ಅಲುಗಿಸುತ್ತ ಬಂದರು. ಅವರ ಹಿಂದೆ ನಿಂಬೆಹಣ್ಣಿನ ಚೀಲ, ಅದರ ಹಿಂದೆ ಕಾಗದದಲ್ಲಿ ಸುತ್ತಿದ ಬ್ಲೇಡು. ಎಲ್ಲರ ಹಿಂದೆ ಅವನದೇ ಬಕೆಟ್ಟು.

ರಟ್ಟಣ್ಣ ಈ ಸಲ ಗಟ್ಟಿ ಮನಸ್ಸು ಮಾಡಿದ. ಸೊಸೆ ಪರೀಕ್ಷಕಿಯ ಮುಂದೆ ಹೇಳಿದಂತೆಯೇ, ಸ್ಪಷ್ಟವಾಗಿ ಹೇಳಿಬಿಡಬೇಕು. ಮಾತು ಹೊಟ್ಟೆಯಲ್ಲಿ ಹುಟ್ಟಿತು. ಎದೆಗೆ ಹತ್ತಿತು. ಗಂಟಲನ್ನೂ ದಾಟಿತು.

ಮೂಗಿನ ತುದಿ ತಣ್ಣಗಾಯಿತು.