ಕಾಕಾನ ಜಪಾನಿ ಭಾಷೆ

ನಮ್ಮ ಕಾಕಾನಿಗೆ ಜಪಾನಿ ಭಾಷೆ ಬರುತ್ತದೆ. ನಗಬೇಡಿ! ಹಲ್ಲು ಕೀಳಿಸಲು ಬಾಗಲಕೋಟೆಗೆ ಹೋಗಿದ್ದೇ ದೊಡ್ಡ ಪ್ರವಾಸವಾದ ಈ ಇಳಕಲ್ಲಿನ ನೇಕಾರನಿಗೆ ಅದನ್ನು ಯಾರು ಕಲಿಸಿದರು? ಪವರ್‌ಲೂಮು.

ಮಗ್ಗದ ಶೆಡ್ಡಿನ ಗದ್ದಲದಲ್ಲಿ ಕೂಗಿದರೂ ಕೇಳಿಸದು. ಅಲ್ಲಿಯವರು ದನಿ ತೆಗೆಯದೆ ತುಟಿ, ಹುಬ್ಬು, ಬೆರಳುಗಳಲ್ಲೇ ಮದುವೆ ಮಾತುಕತೆಯನ್ನೂ ಮುಗಿಸುತ್ತಾರೆ. ಹೀಗೆ ನಲವತ್ತು ವರ್ಷ ಕಳೆದ ಕಾಕಾನಿಗೆ ನನ್ನ ಫೋನಿನಲ್ಲಿ ಜಪಾನಿನ ಹಳೆಯ ಮೂಕಿ ಚಿತ್ರವೊಂದು ಸಿಕ್ಕಿತು. ಕೆಲಸ ಕಳೆದುಕೊಂಡ ಕಾರ್ಖಾನೆಯ ಕೂಲಿಯೊಬ್ಬನ ಕಥೆ. ಅಂದಿನಿಂದ ಬಿಡುವಾದಾಗಲೆಲ್ಲ ಕಾಕಾ ಆ ಬೂದು ಬೆಳಕಿನ ಊರಿಗೆ ಹೊರಟುಬಿಡುತ್ತಾನೆ. ಅಲ್ಲಿ ಹೊಗೆ ಮೆಲ್ಲಗೆ ಏಳುತ್ತದೆ, ಮಳೆ ಸದ್ದಿಲ್ಲದೆ ಬೀಳುತ್ತದೆ.

"ಮಾಲಕ ನಾಳಿಂದ ಬರಬ್ಯಾಡ ಅಂದ. ಇವ ಅಂತಾನ, ಮಗ್ಗದಾಗ ಹಾಸಿನ ನೂಲು ಇನ್ನೂ ಅರ್ಧ ಐತ್ರಿ, ಸೀರಿ ನಡುವ ಹೆಂಗ ಬಿಡ್ಲಿ?" ಎಂದು ಕೂಲಿಯ ತುಟಿ ನೋಡಿ ಕಾಕಾ ನನಗೆ ಅರ್ಥ ಹೇಳಿದ.

ಅಷ್ಟರಲ್ಲಿ ಪರದೆಯ ಮೇಲೆ ಇಂಗ್ಲಿಷ್ ಬರಹ ಬಂತು. ಓದಿ ಹೇಳಿದೆ: "ಕಾಕಾ, ಮಗನಿಗೆ ಜ್ವರ ಅನ್ನಾಕತ್ತಾನ."

ನನ್ನ ಮುಖ ನೋಡಿ, "ಅದನ್ನ ಬರದಾವ ಶೆಡ್ಡಿನಾಗ ದುಡದಿಲ್ಲ" ಎಂದ.

ಕೂಲಿಯ ಹೆಂಡತಿ ಗಂಟು ಹಿಡಿದು ಅಂಗಡಿಗೆ ನಡೆದಾಗ, "ಮದವಿ ಸೀರಿ ಮಾರಾಕ ಹೊಂಟಾಳ" ಎಂದು ಮಂಕಾದ. ಮರುದಿನ ಅದೇ ಚಿತ್ರವನ್ನು ಮೊದಲಿನಿಂದ ಹಾಕಿಸಿದ. ಈ ಸಲವಾದರೂ ಅವಳು ಮನಸ್ಸು ಬದಲಿಸುತ್ತಾಳೇನೋ ನೋಡಬೇಕಂತೆ!

ಮಾತಾಡುವ ಹೊಸ ಚಿತ್ರ ಹಾಕಿದರೆ ಹತ್ತು ನಿಮಿಷಕ್ಕೆ ಎದ್ದುಬಿಡುತ್ತಾನೆ. "ಬೆನ್ನ ಮಾಡಿ ಮಾತಾಡ್ತಾರ, ಮರ್ಯಾದಿ ಇಲ್ಲದ ಮಂದಿ."

ಕಾಕಾನ ಹೆಂಡತಿ, ನಮ್ಮ ಚಿಗವ್ವನಿಗೆ ರೇಗುತ್ತದೆ. "ನಾ ಕರದ್ರ ಓ ಅನ್ನಂಗಿಲ್ಲ. ಜಪಾನದವ್ರ ಜೋಡಿ ಮಾತು ಬೇಕು ಇವಂಗ."

ಒಂದು ಅಮಾವಾಸ್ಯೆಯ ಮಧ್ಯಾಹ್ನ. ಅಂದು ರಜೆ, ಓಣಿಯ ಮಗ್ಗಗಳೆಲ್ಲ ಸುಮ್ಮನಿದ್ದವು. ಬೆನ್ನ ಹಿಂದಿನಿಂದ ಮೂರು ಸಲ ಕರೆದೆ: "ಕಾಕಾ, ಚಾ ಕುಡೀತಿ?" ಅಲುಗಾಡಲಿಲ್ಲ. ಮುಂದೆ ಹೋಗಿ ನಿಂತೆ.

"ಗದ್ದಲದಾಗ ಕೇಳಲಿಲ್ಲ ನೋಡು" ಎಂದ.

ಮನೆಯಲ್ಲಿ ನೊಣ ಹಾರಿದರೂ ಕೇಳುವಷ್ಟು ಮೌನ. ನನ್ನ ಮುಖ ನೋಡಿಯೇ ಅವನಿಗೆ ತಿಳಿಯಿತು. "ಚಿಗವ್ವಗ ಹೇಳಬ್ಯಾಡ. ಕಿವಿ ಹೋಗ್ಯಾವ ಅಂತ ತಿಳದ್ರ ಬೈಯೋದು ಬಿಡ್ತಾಳ. ಆಮ್ಯಾಲ ನನ್ನ ಜೋಡಿ ಮಾತಾಡಾವ್ರು ಯಾರದಾರ?"

ಚಿಗವ್ವ ಅವನ ಹಿಂದೆಯೇ ಬಾಗಿಲಲ್ಲಿ ನಿಂತಿದ್ದಳು. ಎಲ್ಲ ಕೇಳಿಸಿಕೊಂಡಿದ್ದಳು.

ಸುತ್ತಿಕೊಂಡು ಬಂದು ಅವನೆದುರು ಕುಳಿತಳು. ಮದುವೆಯಾದ ಹೊಸದರಲ್ಲಿ ಅವಳೂ ಅದೇ ಶೆಡ್ಡಿನಲ್ಲಿ ನೂಲು ಸುತ್ತಿದವಳು. ಹುಬ್ಬು ಏರಿದವು, ಬೆರಳು ಕುಣಿಯಿತು, ತುಟಿಗಳು ಒಂದೇ ಸಮನೆ ಆಡಿದವು. ದನಿ ಮಾತ್ರ ಇಲ್ಲ. ನನಗೊಂದು ಅಕ್ಷರವೂ ತಿಳಿಯಲಿಲ್ಲ. ಕಾಕಾನ ಕಣ್ಣು ತುಂಬಿ ಬಂದವು.

"ಏನಂದ್ಳು ಕಾಕಾ?" ಎಂದು ಅವನ ಮುಖಕ್ಕೆ ಮುಖ ಕೊಟ್ಟು ಕೇಳಿದೆ.

"ಬೈದ್ಳು" ಎಂದ. "ಹೊಟ್ಟಿ ತುಂಬ ಬೈದ್ಳು."