ಕಾಂಡಕೊರಕವಲ್ಲ, ಕಾಂಡಕೋಶ

ಆಲ್ದೂರು ಹೋಬಳಿಯ ಸಮಸ್ತ ಬೆಳೆಗಾರರೇ, ಮೇಸ್ತ್ರಿಗಳೇ, ಬಸ್‌ಸ್ಟ್ಯಾಂಡಿನಲ್ಲಿ ನಿನ್ನೆಯ ಪೇಪರನ್ನು ಇವತ್ತಿನದೆಂದು ಓದುವ ಮಹನೀಯರೇ, ದಯವಿಟ್ಟು ಎದ್ದು ನಿಲ್ಲಬೇಕು. ಸೊಂಟ ನೋವಿದ್ದವರು ಕೂತೇ ಇರಬಹುದು. ಕೆಳಕಂಡ ಅಹವಾಲನ್ನು ತಮ್ಮೆಲ್ಲರ ಸಾಕ್ಷಿಯಲ್ಲಿ ಸಲ್ಲಿಸುತ್ತಿದ್ದೇನೆ.

ಮೂಳೆಯ ಮಜ್ಜೆಯಲ್ಲಿ ಖಾಯಂ ವಾಸವಾಗಿರುವ ಮಾನ್ಯ ಕಾಂಡಕೋಶದವರೇ,

ಸಾಷ್ಟಾಂಗ ನಮಸ್ಕಾರಗಳು. ತಾವು ಕ್ಷೇಮವೆಂದು ಪತ್ರಿಕೆಯ ಆರೋಗ್ಯ ಪುಟದಿಂದ ತಿಳಿದು ಸಂತೋಷವಾಯಿತು. ನಾನು ಇಲ್ಲಿನ ಒಂದು ಎಸ್ಟೇಟಿನಲ್ಲಿ ರೈಟರ್. ಅಂದರೆ ಕಾದಂಬರಿ ಬರೆಯುವವನಲ್ಲ, ಆಳುಗಳ ಹಾಜರಿಯನ್ನೂ ಬಿದ್ದ ಮಳೆಯನ್ನೂ ಬರೆಯುವವನು. ಕನ್ನಡ ಮಾಧ್ಯಮದಲ್ಲಿ ಬಿ.ಎ. ಮಾಡಿದ್ದರಿಂದ ಪ್ರಾಸದ ಚಟವೊಂದು ಉಳಿದುಬಿಟ್ಟಿದೆ, ಸಹಿಸಿಕೊಳ್ಳಬೇಕು.

ಎರಡು ವರ್ಷದ ಹಿಂದೆ, ಎರಡು ಸಾವಿರದ ನಾಲ್ಕರ ಜನವರಿಯಲ್ಲಿ, ನನ್ನ ಹೆಂಡತಿ ತುಂಗಮ್ಮ ಕಣದಲ್ಲಿ ಕಾಫಿ ಹರವುತ್ತಿದ್ದವಳು ಇದ್ದಕ್ಕಿದ್ದಂತೆ ಕುಸಿದು ಕೂತಳು. ಬಲಗಾಲಿಗೆ ಬಲವಿಲ್ಲ ಎಂದು ನಾನು ಪ್ರಾಸ ಹೂಡಿದ್ದಕ್ಕೆ, ಎಡಗಾಲು ಇನ್ನೂ ಗಟ್ಟಿಯಿದೆ, ಹತ್ತಿರ ಬಂದರೆ ತೋರಿಸುತ್ತೇನೆ ಎಂದಳು. ಆಮೇಲೆ ಕಣ್ಣು ಮಂಜಾಯಿತು. ಮಂಗಳೂರಿನ ನರರೋಗ ತಜ್ಞರು ಸ್ಕ್ಯಾನ್ ನೋಡಿ ಮಲ್ಟಿಪಲ್ ಸ್ಕ್ಲಿರೋಸಿಸ್ ಎಂದರು. ನನಗೆ ಅರ್ಥವಾದದ್ದು ಇಷ್ಟು: ಮೈಯೊಳಗೆ ಕಳೆ ತೆಗೆಯಲು ನೇಮಿಸಿದ ಗ್ಯಾಂಗೊಂದು ಇರುತ್ತದೆ, ಅದು ಯಾವುದೋ ಗಳಿಗೆಯಲ್ಲಿ ತಲೆಕೆಟ್ಟು, ಕಳೆಯನ್ನು ಬಿಟ್ಟು, ನೆಟ್ಟ ಗಿಡಕ್ಕೇ ಕತ್ತಿ ಹಾಕತೊಡಗುತ್ತದೆ. ಇವಳಲ್ಲಿ ಅದು ನರದ ಸಿಪ್ಪೆ ಸುಲಿಯುತ್ತಿದೆ.

ಈಗ ಕಣ್ಣಿನ ಕಾರಣದಿಂದ ಪೇಪರನ್ನು ಅವಳಿಗೆ ನಾನೇ ಗಟ್ಟಿಯಾಗಿ ಓದಿ ಹೇಳುವುದು. ಹಾಗೆ ಓದುವಾಗಲೇ ತಮ್ಮ ದರ್ಶನವಾದದ್ದು. ತಮ್ಮನ್ನು ರಕ್ತದಿಂದ ಹೊರತೆಗೆದು ಜೋಪಾನವಾಗಿ ತಣ್ಣಗಿಟ್ಟು, ಹಳೆಯ ಗ್ಯಾಂಗನ್ನು ಕಟು ಔಷಧಿಯಿಂದ ಪೂರ್ತಿ ವಜಾ ಮಾಡಿ, ತಮ್ಮನ್ನು ಮರಳಿ ಒಳಗೆ ಬಿಟ್ಟರೆ, ತಾವು ಹೊಸ ಗ್ಯಾಂಗು ಕಟ್ಟುವಿರಂತೆ. ಅದಕ್ಕೆ ಗಿಡ ಯಾವುದು, ಕಳೆ ಯಾವುದು ಎಂಬ ವಿವೇಕ ಇರಲೂಬಹುದಂತೆ. ಇದಕ್ಕೆ ಕಾಂಡಕೋಶ ಕಸಿ ಎಂದು ಹೆಸರು.

ನನ್ನ ದೂರು ಈ ಹೆಸರಿನ ಮೇಲೆ. ಕಾಫಿ ಸೀಮೆಯಲ್ಲಿ ಕಾಂಡ ಎಂದೊಡನೆ ಜನಕ್ಕೆ ನೆನಪಾಗುವುದು ಕೋಶವಲ್ಲ, ಕಾಂಡಕೊರಕ. ಗಿಡದ ಒಳಗೇ ಕೂತು ಗಿಡವನ್ನೇ ತಿನ್ನುವ ಹುಳ, ಆಳುಗಳ ಬಾಯಲ್ಲಿ ಬೋರರ್. ನಾನು ಓದುವಾಗ ಅಂಗಳದಲ್ಲಿ ನಿಂತಿದ್ದ ಮೇಸ್ತ್ರಿ ಕೆಂಪಯ್ಯ ಅರ್ಧ ಕೇಳಿಸಿಕೊಂಡು ಹೋದ. ಸಂಜೆಯೊಳಗೆ ರೈಟರ ಮನೆ ಅಮ್ಮನಿಗೆ ಬೋರರ್ ಬಿದ್ದಿದೆ ಎಂದು ಆಳುಗಳ ಲೈನಿನ ಮನೆಗಳೆಲ್ಲ ಮರುಗಿದವು. ಕಿತ್ತಳೆ ಕಸಿಯಲ್ಲಿ ಕೈ ಪಳಗಿದ ಪಕ್ಕದ ತೋಟದ ರುದ್ರಪ್ಪನವರು ಬಂದು, ಕಸಿ ಏನಿದ್ದರೂ ಹೂಮಳೆ ಆದಮೇಲೆ ಕಟ್ಟಿಸಿ, ಬಿಸಿಲು ತಾಗಿಸಬೇಡಿ ಎಂದು ಸಲಹೆ ಕೊಟ್ಟು ಕಾಫಿ ಕುಡಿದು ಹೋದರು. ತುಂಗಮ್ಮ ಎರಡು ದಿನ ನಕ್ಕಳು.

ಮೂರನೆಯ ದಿನ, ಈ ಕಸಿಯ ವಿಷಯ ಕೇಳಿಕೊಂಡು ಮಂಗಳೂರಿಗೆ ಹೋಗಿ ಬಂದ ಸಂಜೆ, ಕೆಂಪಯ್ಯನನ್ನು ಕರೆದು, ಬೋರರ್ ಬಿದ್ದ ಗಿಡಕ್ಕೆ ಏನು ಮಾಡುತ್ತೀರಿ ಎಂದು ಕೇಳಿದಳು. ಸುಳ್ಳು ಹೇಳಿ ಅಭ್ಯಾಸವಿಲ್ಲದ ಮನುಷ್ಯ.

"ಮಾಡದೇನಮ್ಮಾ, ಬುಡ ಸಮೇತ ಕಿತ್ತು ಸುಡದೇಯ."

ಅವನು ಹೋದಮೇಲೆ ಅವಳು ನನ್ನ ಕಡೆ ತಿರುಗಿದಳು.

"ರೀ, ಆ ಮಂಗ್ಳೂರು ಡಾಕ್ಟ್ರು ನನ್ನ ಯಾವ್ದುಕ್ಕೆ ಬರ್ಕೊಂಡಿದಾರೆ, ಕಸಿಗಾ, ಕೀಳೋದಿಕ್ಕಾ?"

ಕಸಿಗೇ, ಹೆಸರು ಬರೆದುಕೊಂಡಿದ್ದಾರೆ, ಸರದಿ ಬಂದಾಗ ಕಾಗದ ಹಾಕುತ್ತಾರೆ ಎಂದೆ. ಅಂದಿನಿಂದ ಟಪಾಲು ಬರುವ ಹೊತ್ತಿಗೆ ಅವಳು ಗೋಡೆ ಹಿಡಿದುಕೊಂಡು ಬಾಗಿಲ ತನಕ ನಡೆಯುತ್ತಾಳೆ. ತಮ್ಮಿಂದ ಇಲ್ಲಿಯವರೆಗೆ ಆಗಿರುವ ಏಕೈಕ ಚಿಕಿತ್ಸೆ ಇದೇ ಆದ್ದರಿಂದ ಕೃತಜ್ಞತೆಗಳನ್ನು ಸ್ವೀಕರಿಸಬೇಕು.

ಆದಕಾರಣ ಮಾನ್ಯರೇ, ತಾವು ದೊಡ್ಡ ಮನಸ್ಸು ಮಾಡಿ ಮೂಡಿಗೆರೆ ಬಸ್ಸಿನಲ್ಲಿ ಆಲ್ದೂರಿಗೆ ಬಂದು, ಅಲ್ಲಿಂದ ಜೀಪು ಹತ್ತಿ, ಬೆಳಿಗ್ಗೆ ಏಳೂವರೆಯ ಹಾಜರಿಗೆ ಹಾಜರಾಗಬೇಕು. ಕಂಬಳಿ ತರಬೇಕು, ಮಳೆ ಹಿಡಿದಿದೆ. ಕಾಲಿನ ಕೆಲಸ ಮೊದಲು, ಕಣ್ಣಿನದು ನಂತರ. ಇಷ್ಟು ದೂರ ಆಗದಿದ್ದಲ್ಲಿ, ತಾವು ಅವಳ ಮೂಳೆಯೊಳಗೆ ನಲವತ್ತೊಂದು ವರ್ಷದಿಂದ ವಾಸವಾಗಿರುವವರೇ ಆದ್ದರಿಂದ, ಕೂತಲ್ಲಿಂದ ಒಂದು ಸಲ ಎದ್ದರೂ ಸಾಕು.

ಉತ್ತರದ ನಿರೀಕ್ಷೆಯಲ್ಲಿ, ಕೋಶವನ್ನು ನಂಬಿ ಕ್ಲೇಶದಲ್ಲಿರುವ

ತಮ್ಮ ವಿಶ್ವಾಸಿ,
ಷಡಕ್ಷರಿ, ಎಸ್ಟೇಟ್ ರೈಟರ್

ಮ.ವಿ.: ಹೊಸ ಗ್ಯಾಂಗು ಕಟ್ಟುವ ತಮ್ಮಂಥವರು ಮನೆಯಲ್ಲೇ ಇದ್ದೂ, ಹಳೆಯ ಗ್ಯಾಂಗು ಹಾಳು ಮಾಡುವುದನ್ನು ಎರಡು ವರ್ಷ ನೋಡುತ್ತಾ ಕೂತಿರಲ್ಲ, ಆ ತಾಳ್ಮೆಗೆ ನಮ್ಮ ಎಸ್ಟೇಟಿನಲ್ಲಿ ಮ್ಯಾನೇಜರ್ ಹುದ್ದೆ ಖಾಲಿಯಿದೆ.

ಮತ್ತೊಂದು ಮ.ವಿ.: ಈ ಪತ್ರ ಪೇಪರಿನಲ್ಲಿ ಅಚ್ಚಾದರೆ ಇದನ್ನೂ ಗಟ್ಟಿಯಾಗಿ ಓದಬೇಕಾದವನು ನಾನೇ. ವಿಶ್ವಾಸಿ ಎಂಬಲ್ಲಿಗೆ ನಿಲ್ಲಿಸಿ ಪೇಪರು ಮಡಚಬಹುದು ಎಂದುಕೊಂಡಿದ್ದೆ. ಮಡಚುವುದಿಲ್ಲ. ಆ ಚಿಕಿತ್ಸೆ ಇನ್ನೂ ಪರೀಕ್ಷೆಯಲ್ಲಿದೆ, ಇವರ ಕಾಯಿಲೆ ಈಗಿರುವ ಹಂತದಲ್ಲಿ ಅದರಿಂದ ಉಪಯೋಗಕ್ಕಿಂತ ಅಪಾಯ ಹೆಚ್ಚು, ಆಸೆ ಹುಟ್ಟಿಸಬೇಡಿ ಎಂದು ಡಾಕ್ಟರು ಆ ದಿನ ಆಸ್ಪತ್ರೆಯ ಮೆಟ್ಟಿಲ ಹತ್ತಿರ ನನ್ನೊಬ್ಬನಿಗೇ ಹೇಳಿದ್ದರು. ತುಂಗಾ, ನಿನ್ನ ಹೆಸರನ್ನು ಯಾರೂ ಬರೆದುಕೊಂಡಿಲ್ಲ.